ಕೇಸು ‘ವಜಾ’ ಆಗದಂತೆ ನೋಡಿಕೊಳ್ಳುವುದು, ಒಂದು ವೇಳೆ ಆದರೆ ಮರಳಿ ತರುವುದು: ಕಕ್ಷಿದಾರರಿಗೊಂದು ಸಮಗ್ರ ಮಾರ್ಗದರ್ಶಿ

‘ಕೇಸು ಹೋಯಿತು ಸಾರ್’ ಎಂದು ಬರುವವರನ್ನು ನಾನು ಮೊದಲು ಕೇಳುವುದು ‘ಆದೇಶದ ಪ್ರತಿ ಎಲ್ಲಿ?’ ಎಂದು. ಹೆಚ್ಚಿನವರ ಬಳಿ ಅದು ಇರುವುದಿಲ್ಲ. ಯಾರೋ ಫೋನಿನಲ್ಲಿ ‘ವಜಾ ಆಗಿದೆ’ ಎಂದಿರುತ್ತಾರೆ, ಇವರು ಅದನ್ನು ನಂಬಿ ಎರಡು ವಾರ ಊಟ ನಿದ್ದೆ ಬಿಟ್ಟಿರುತ್ತಾರೆ. ಆ ಎರಡು ವಾರವೇ ಕೆಲವೊಮ್ಮೆ ಕೇಸಿಗಿಂತ ದೊಡ್ಡ ನಷ್ಟ.

ಸಾಕ್ಷ್ಯ ನೋಡಿ, ವಾದ ಕೇಳಿ ನ್ಯಾಯಾಧೀಶರು ‘ನಿಮ್ಮ ಹಕ್ಕು ಸಾಬೀತಾಗಿಲ್ಲ’ ಎಂದು ವಜಾ ಮಾಡುವುದು ಬೇರೆ. ಶುಲ್ಕ ಕಟ್ಟಲಿಲ್ಲ, ಸಮನ್ಸಿಗೆ ವಿಳಾಸ ಕೊಡಲಿಲ್ಲ, ಕರೆದಾಗ ಬರಲಿಲ್ಲ, ಕಾಲ ಮೀರಿತು ಎಂಬ ಕಾರಣಕ್ಕೆ ಬಾಗಿಲಲ್ಲೇ ನಿಲ್ಲುವುದು ಬೇರೆ. ಈ ಬರಹ ಎರಡನೆಯದರ ಬಗ್ಗೆ, ಮುಖ್ಯವಾಗಿ ಸಿವಿಲ್ ದಾವೆಗಳ ಬಗ್ಗೆ. ನಿಮಗೆ ವಕೀಲರಿದ್ದರೂ ಇದನ್ನು ಓದಿ. ಇಂಥ ವಜಾಗಳು ಬಹುಪಾಲು ಆಗುವುದು ಎರಡು ತಾರೀಖುಗಳ ನಡುವೆ, ಫೈಲಿನ ಕಡೆ ಯಾರೂ ತಿರುಗಿ ನೋಡದ ದಿನಗಳಲ್ಲಿ.

ಒಂದು ಪದ, ನಾಲ್ಕು ಸಂಗತಿ

ಜನ ‘ವಜಾ’ ಎಂದು ಕರೆಯುವುದರೊಳಗೆ 1908ರ ಸಿವಿಲ್ ಪ್ರಕ್ರಿಯಾ ಸಂಹಿತೆ ನಾಲ್ಕು ಬೇರೆ ಬೇರೆ ಸಂಗತಿಗಳನ್ನು ಇಟ್ಟಿದೆ. ಯಾವುದು ನಿಮಗೆ ಆಗಿದೆ ಎಂದು ತಿಳಿಯದೆ ಮುಂದಿನ ಅರ್ಜಿ ಬರೆಯಲಾಗದು.

ಮೊದಲನೆಯದು, ವಾದಪತ್ರವನ್ನು, ಅಂದರೆ ದಾವೆ ಹೂಡುವ ಮೂಲ ಅರ್ಜಿಯನ್ನು, ಹಿಂತಿರುಗಿಸುವುದು. ‘ಈ ದಾವೆ ಈ ನ್ಯಾಯಾಲಯದ್ದಲ್ಲ’ ಎಂದರೆ ಸಂಹಿತೆಯ ಆರ್ಡರ್ 7 ರೂಲ್ 10ರಡಿ (‘ಆರ್ಡರ್’ ಎಂದರೆ ಅಧ್ಯಾಯ, ‘ರೂಲ್’ ಎಂದರೆ ಅದರೊಳಗಿನ ನಿಯಮ) ಅದು ಸರಿಯಾದ ನ್ಯಾಯಾಲಯಕ್ಕೆ ಸಲ್ಲಿಸಲೆಂದು ನಿಮ್ಮ ಕೈಗೆ ವಾಪಸು ಬರುತ್ತದೆ. ನೀವು ಪ್ರಾಮಾಣಿಕವಾಗಿ, ಶ್ರದ್ಧೆಯಿಂದ ತಪ್ಪು ಕೋರ್ಟಿನಲ್ಲಿ ಕಳೆದ ಕಾಲವನ್ನು ಕಾಲಮಿತಿ ಕಾಯ್ದೆಯ 14ನೇ ಕಲಮಿನ ಪ್ರಕಾರ ಲೆಕ್ಕದಿಂದ ಬಿಡಿಸಿಕೊಳ್ಳಬಹುದು. ಇದಕ್ಕೆ ಅಳಬೇಕಾಗಿಲ್ಲ.

ಎರಡನೆಯದು ತಿರಸ್ಕಾರ. ದಾವೆ ಹೂಡಲು ಕಾರಣವೇ ಕಾಣದಿದ್ದರೆ, ಕಡಿಮೆ ಮೌಲ್ಯ ತೋರಿಸಿ ಹೇಳಿದ ಗಡುವಿನಲ್ಲಿ ತಿದ್ದದಿದ್ದರೆ, ಕೊರತೆಯ ಕೋರ್ಟ್ ಫೀ ತುಂಬದಿದ್ದರೆ, ವಾದಪತ್ರದ ಮಾತುಗಳಿಂದಲೇ ದಾವೆಗೆ ಕಾನೂನಿನ ಅಡ್ಡಿ ಇದೆಯೆಂದು ಕಂಡರೆ, ಪ್ರತಿಗಳನ್ನು ಕೊಡದಿದ್ದರೆ ಆರ್ಡರ್ 7 ರೂಲ್ 11 ಅನ್ವಯಿಸುತ್ತದೆ. ಇದು ಕಾನೂನಿನ ದೃಷ್ಟಿಯಲ್ಲಿ ಡಿಕ್ರಿ, ಅಂದರೆ ಆ ನ್ಯಾಯಾಲಯದ ಮಟ್ಟಿಗೆ ಅಂತಿಮ ನಿರ್ಣಯ. ಆದ್ದರಿಂದ ಮೇಲ್ಮನವಿ ಹೋಗಬಹುದು. ಕಾಲ ಇನ್ನೂ ಉಳಿದಿದ್ದರೆ ರೂಲ್ 13ರ ಪ್ರಕಾರ ಅದೇ ಕಾರಣದ ಮೇಲೆ ಹೊಸ ದಾವೆಯನ್ನೇ ಹೂಡಬಹುದು. ಈ ಎರಡನೇ ದಾರಿ ಅನೇಕರಿಗೆ ಗೊತ್ತೇ ಇಲ್ಲ.

ಮೂರನೆಯದು ಆರ್ಡರ್ 9ರ ವಜಾ, ಅಂದರೆ ಗೈರುಹಾಜರಿ ಇಲ್ಲವೇ ಸಮನ್ಸಿನ ವಿಷಯದಲ್ಲಿ ಉದಾಸೀನ. ನಾಲ್ಕನೆಯದನ್ನು ಕೋರ್ಟಿನಲ್ಲಿ ‘ಅಬೇಟ್’ ಎಂದೇ ಹೇಳುತ್ತಾರೆ: ಕಕ್ಷಿದಾರರೊಬ್ಬರು ತೀರಿಕೊಂಡು, ವಾರಸುದಾರರನ್ನು ಸಕಾಲದಲ್ಲಿ ದಾಖಲೆಗೆ ತರದಿದ್ದರೆ, ಯಾರೂ ಆದೇಶ ಮಾಡದೆಯೇ ಅವರ ಮಟ್ಟಿಗೆ ದಾವೆ ಕೊನೆಯಾಗುತ್ತದೆ.

ಹೂಡುವ ಮೊದಲು: ಕಾಲದ ಲೆಕ್ಕ

ಇಲ್ಲಿ ಅವಸರ ಬೇಡ. ಕಾಲಮಿತಿ ಕಾಯ್ದೆ, 1963ರ ಮೂರನೇ ಕಲಮು ಒಂದು ಕಠಿಣ ಮಾತು ಹೇಳುತ್ತದೆ: ಎದುರಾಳಿ ಬಾಯಿ ಬಿಡದಿದ್ದರೂ, ಕಾಲ ಮೀರಿದ ದಾವೆಯನ್ನು ನ್ಯಾಯಾಲಯ ತಾನೇ ವಜಾ ಮಾಡಬೇಕು. ಕರಾರಿನಂತೆ ಕ್ರಯಪತ್ರ ಮಾಡಿಸಿಕೊಳ್ಳುವ ದಾವೆಗೆ ಮೂರು ವರ್ಷ, ಕೈಸಾಲದ ವಸೂಲಿಗೆ ಮೂರು ವರ್ಷ, ಮಾಲೀಕತ್ವದ ಆಧಾರದ ಮೇಲೆ ಸ್ವಾಧೀನ ಕೇಳಲು ಹನ್ನೆರಡು ವರ್ಷ. ಆದರೆ ಯಾವ ದಿನದಿಂದ ಎಣಿಸಬೇಕು ಎಂಬುದರಲ್ಲೇ ಜಗಳ ಇರುವುದು. ಕ್ರಯದ ಕರಾರಿನಲ್ಲಿ ದಿನ ಬರೆದಿದ್ದರೆ ಆ ದಿನದಿಂದ. ಬರೆದಿರದಿದ್ದರೆ, ಎದುರಿನವರು ‘ಮಾಡಿಕೊಡುವುದಿಲ್ಲ’ ಎಂದದ್ದು ನಿಮಗೆ ತಿಳಿದ ದಿನದಿಂದ.

ಒಂದು ಕಾಗದ ತೆಗೆದುಕೊಂಡು ಮೂರು ಸಾಲು ಬರೆಯಿರಿ: ಎಣಿಕೆ ಶುರುವಾದ ದಿನ, ಕಾಯ್ದೆ ಕೊಟ್ಟ ಅವಧಿ, ಕೊನೆಯ ದಿನ. ಶುರುವಿನ ದಿನವನ್ನು ಎಣಿಸುವಂತಿಲ್ಲ. ಕೊನೆಯ ದಿನ ಕೋರ್ಟಿಗೆ ರಜೆ ಇದ್ದರೆ ಮತ್ತೆ ತೆರೆದ ದಿನವೇ ಸಲ್ಲಿಸಬಹುದು. ಸಾಲಗಾರ ಅವಧಿಯೊಳಗೆ ಬರಹದಲ್ಲಿ ಸಾಲ ಒಪ್ಪಿ ಸಹಿ ಹಾಕಿದ್ದರೆ ಅಂದಿನಿಂದ ಹೊಸ ಎಣಿಕೆ. ಅವಧಿ ಮುಗಿದ ಮೇಲೆ ಒಪ್ಪಿದರೆ ಈ ಪ್ರಯೋಜನ ಸಿಗದು. ಇಂಥ ವಿನಾಯಿತಿ ಬೇಕಿದ್ದರೆ ಅದರ ಆಧಾರವನ್ನು ವಾದಪತ್ರದಲ್ಲೇ ಬರೆಯಬೇಕು. ಮನಸ್ಸಿನಲ್ಲಿಟ್ಟುಕೊಂಡರೆ ಆಗದು.

ಎಲ್ಲಕ್ಕಿಂತ ಹೆಚ್ಚು ಜನ ಎಡವುವುದು ಇಲ್ಲಿ: ‘ತಡವಾದರೆ ವಿಳಂಬ ಮನ್ನಾ ಅರ್ಜಿ ಹಾಕಿದರಾಯಿತು’ ಎಂಬ ನಂಬಿಕೆ. ಐದನೇ ಕಲಮಿನ ವಿಳಂಬ ಮನ್ನಾ ಮೇಲ್ಮನವಿಗೆ, ಕೆಲವು ಅರ್ಜಿಗಳಿಗೆ ಇದೆ. ಮೂಲ ದಾವೆಗೆ ಇಲ್ಲ. ಮೂರು ವರ್ಷ ಒಂದು ದಿನಕ್ಕೆ ಬಂದ ವಸೂಲಿ ದಾವೆಯನ್ನು ಎಷ್ಟು ಕರುಣೆಯ ನ್ಯಾಯಾಧೀಶರೂ ಈ ಕಲಮಿನಿಂದ ಉಳಿಸಲಾರರು.

ಬೇಗ ಹೋದರೂ ಕೇಸು ಬೀಳುವುದುಂಟು. ಇದು ಸಿವಿಲ್ ದಾವೆಯ ಮಾತಲ್ಲ, ಆದರೂ ಹೇಳಿಬಿಡುತ್ತೇನೆ. ಚೆಕ್ ಅಮಾನ್ಯವಾದರೆ ಬ್ಯಾಂಕಿನಿಂದ ಮಾಹಿತಿ ಬಂದ 30 ದಿನದೊಳಗೆ ನೋಟಿಸ್ ಕೊಡಬೇಕು, ನೋಟಿಸ್ ತಲುಪಿದ ಮೇಲೆ ಹಣ ಕಟ್ಟಲು 15 ದಿನ ಬಿಡಬೇಕು, ಆಮೇಲೆ ಒಂದು ತಿಂಗಳೊಳಗೆ ದೂರು ಸಲ್ಲಿಸಬೇಕು. ಆ 15 ದಿನ ಮುಗಿಯುವ ಮುನ್ನವೇ ಹಾಕಿದ ದೂರು ದೂರೇ ಅಲ್ಲ ಎಂದು ಸುಪ್ರೀಂ ಕೋರ್ಟ್ 2014ರಲ್ಲಿ ಹೇಳಿದೆ.

ನೋಟಿಸು, ಕಕ್ಷಿದಾರರು, ಶುಲ್ಕ, ಸಹಿ

ಸರ್ಕಾರದ ವಿರುದ್ಧ ದಾವೆಯಾದರೆ ಸಂಹಿತೆಯ 80ನೇ ಕಲಮಿನ ನೋಟಿಸು ಕೊಟ್ಟು ಎರಡು ತಿಂಗಳು ಕಾಯಬೇಕು. ರಾಜ್ಯ ಸರ್ಕಾರವಾದರೆ ಅದನ್ನು ಕಾರ್ಯದರ್ಶಿಗೆ ಅಥವಾ ಜಿಲ್ಲಾಧಿಕಾರಿಗೆ ತಲುಪಿಸಬೇಕು. ನಾಳೆಯೇ ಕಟ್ಟಡ ಕೆಡವುತ್ತಾರೆ ಎಂಬಂಥ ತುರ್ತಿದ್ದರೆ ನೋಟಿಸಿಲ್ಲದೆ ದಾವೆ ಹೂಡಲು ನ್ಯಾಯಾಲಯದ ಅನುಮತಿ ಕೇಳಬಹುದು. ಅನುಮತಿಯ ಅರ್ಜಿಯನ್ನೇ ಹಾಕದೆ ‘ತುರ್ತು ಇತ್ತು’ ಎಂದು ಆಮೇಲೆ ವಾದಿಸುವುದು ಸೋಲಿನ ದಾರಿ. ನೋಟಿಸಿನಲ್ಲಿ ಸಣ್ಣ ತಪ್ಪುಗಳಿದ್ದರೆ ಹೆದರಬೇಡಿ: ನಿಮ್ಮ ಹೆಸರು, ವಿವರ, ವಾಸಸ್ಥಳ ಗುರುತಿಸುವಂತಿದ್ದು ದಾವೆಯ ಕಾರಣ ಮತ್ತು ಪರಿಹಾರ ಮುಖ್ಯವಾಗಿ ತಿಳಿಯುವಂತಿದ್ದರೆ, ತಪ್ಪಿನ ನೆಪದಲ್ಲಿ ವಜಾ ಮಾಡುವಂತಿಲ್ಲ ಎಂದು ಅದೇ ಕಲಮು ಹೇಳುತ್ತದೆ.

ವಾಣಿಜ್ಯ ದಾವೆಗಳಲ್ಲಿ ಇಷ್ಟು ಸಡಿಲ ಇಲ್ಲ. ತುರ್ತು ಮಧ್ಯಂತರ ಪರಿಹಾರ ಕೇಳದ ದಾವೆಯಾದರೆ ವಾಣಿಜ್ಯ ನ್ಯಾಯಾಲಯಗಳ ಕಾಯ್ದೆಯ 12ಎ ಕಲಮಿನಂತೆ ಮೊದಲು ಮಧ್ಯಸ್ಥಿಕೆಗೆ ಹೋಗಲೇಬೇಕು. ಸುಪ್ರೀಂ ಕೋರ್ಟಿನ 2022ರ ಪಾಟೀಲ್ ಆಟೋಮೇಷನ್ ತೀರ್ಪು ಇದು ಕಡ್ಡಾಯ ಎಂದಿತು. ಆ ವರ್ಷದ ಆಗಸ್ಟ್ 20ರಿಂದ ಈಚೆಗೆ, ಮಧ್ಯಸ್ಥಿಕೆ ಬಿಟ್ಟು ಬಂದ ವಾದಪತ್ರ ತಿರಸ್ಕಾರಕ್ಕೆ ಗುರಿಯಾಗುತ್ತದೆ.

ಕಕ್ಷಿದಾರರ ಪಟ್ಟಿಯಲ್ಲಿ ಒಂದೇ ಎಚ್ಚರ. ಬೇಡದವರನ್ನು ಸೇರಿಸಿದ್ದಕ್ಕೆ ದಾವೆ ಬೀಳದು, ಬೇಕೇ ಬೇಕಾದವರನ್ನು ಬಿಟ್ಟರೆ ಬೀಳುತ್ತದೆ. ವಿಭಾಗದ ದಾವೆಯಲ್ಲಿ ಪಾಲುದಾರರೆಲ್ಲರೂ ಇರಬೇಕು. ಮದುವೆಯಾಗಿ ಬೇರೆ ಊರಿಗೆ ಹೋದ ಅಕ್ಕ ತಂಗಿಯರ ಹೆಸರನ್ನು ‘ಅವರೇನೂ ಕೇಳುವುದಿಲ್ಲ’ ಎಂದು ಬಿಡುವ ಅಣ್ಣಂದಿರನ್ನು ನೋಡಿದ್ದೇನೆ. ಎದುರಾಳಿಗೆ ಇದಕ್ಕಿಂತ ಒಳ್ಳೆಯ ಉಡುಗೊರೆ ಇಲ್ಲ.

ಕೋರ್ಟ್ ಫೀಯನ್ನು ನಮ್ಮಲ್ಲಿ 1958ರ ಕರ್ನಾಟಕ ನ್ಯಾಯಾಲಯ ಶುಲ್ಕ ಮತ್ತು ದಾವೆಗಳ ಮೌಲ್ಯಮಾಪನ ಕಾಯ್ದೆಯಂತೆ ಲೆಕ್ಕ ಹಾಕಬೇಕು. ಕಡಿಮೆಯಾದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 149ನೇ ಕಲಮಿನಡಿ ಕೊರತೆ ತುಂಬಲು ನ್ಯಾಯಾಲಯ ಸಮಯ ಕೊಡಬಹುದು, ತುಂಬಿದರೆ ಮೊದಲ ದಿನವೇ ತುಂಬಿದಂತೆ. ಕೊಟ್ಟ ಗಡುವು ಸಾಲದಿದ್ದರೆ ಅದು ಮುಗಿಯುವ ಮೊದಲೇ ವಿಸ್ತರಣೆ ಕೇಳಿ. ಶಕ್ತಿಯೇ ಇಲ್ಲದವರಿಗೆ ಆರ್ಡರ್ 33ರಡಿ ಶುಲ್ಕವಿಲ್ಲದೆ ದಾವೆ ಹೂಡುವ ಅವಕಾಶವಿದೆ. ಮಹಿಳೆಯರಿಗೆ, ಪರಿಶಿಷ್ಟ ಜಾತಿ ಪಂಗಡಗಳವರಿಗೆ ಆದಾಯದ ಮಿತಿ ನೋಡದೆ ಉಚಿತ ಕಾನೂನು ನೆರವು ಸಿಗುತ್ತದೆ. ವಿಚಾರಿಸಲು 15100ಕ್ಕೆ ಕರೆ ಮಾಡಬಹುದು.

ಸಹಿ, ಸತ್ಯಾಪನೆ (ಬರೆದದ್ದು ನಿಜ ಎಂದು ವಾದಪತ್ರದ ಕೊನೆಯಲ್ಲಿ ಕೊಡುವ ಹೇಳಿಕೆ), ಪ್ರಮಾಣಪತ್ರ (ಅಫಿಡವಿಟ್), ವಕಾಲತ್ತು ಇವುಗಳಲ್ಲಿನ ಲೋಪ ಸಾಮಾನ್ಯವಾಗಿ ತಿದ್ದಬಹುದಾದವು. ಇಂಥ ಲೋಪಗಳು ಹಕ್ಕನ್ನೇ ಮುಳುಗಿಸಬಾರದು ಎಂದು 2005ರ ಉದಯಶಂಕರ್ ತ್ರಿಯಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಆದರೂ ಸತ್ಯಾಪನೆಯಲ್ಲಿ ಯಾವ ಪ್ಯಾರಾ ನಿಮ್ಮ ಸ್ವಂತ ತಿಳಿವಳಿಕೆ, ಯಾವುದು ಬೇರೆಯವರಿಂದ ತಿಳಿದು ನಂಬಿದ್ದು ಎಂದು ಬಿಡಿಸಿ ಬರೆಯಿರಿ. ದಿನಾಂಕ, ಸ್ಥಳ ಹಾಕಿ.

ವಾದಪತ್ರದ ಒಡಲಿನ ಬಗ್ಗೆ ಒಂದು ಮಾತು. ವಾದಪತ್ರವನ್ನು ತಿರಸ್ಕರಿಸಿ ಎಂದು ಎದುರಾಳಿಯಿಂದ ಆರ್ಡರ್ 7 ರೂಲ್ 11ರ ಅರ್ಜಿ ಬಂದಾಗ ನ್ಯಾಯಾಲಯ ನೋಡುವುದು ನಿಮ್ಮ ವಾದಪತ್ರವನ್ನು ಮತ್ತು ಅದರ ಜೊತೆಗಿಟ್ಟ ದಾಖಲೆಗಳನ್ನು, ಎದುರಾಳಿಯ ಉತ್ತರವನ್ನಲ್ಲ. ಹಾಗೆಂದು ಚತುರ ಬರವಣಿಗೆಯಿಂದ ಇಲ್ಲದ ದಾವಾ ಕಾರಣವನ್ನು ಇದ್ದಂತೆ ತೋರಿಸಿದರೆ ಮೊದಲ ವಿಚಾರಣೆಯಲ್ಲೇ ಅದನ್ನು ಮೊಳಕೆಯಲ್ಲೇ ಚಿವುಟಬೇಕು ಎಂದು ಸುಪ್ರೀಂ ಕೋರ್ಟಿನ 1977ರ ಅರಿವಂದಂದಂ ಪ್ರಕರಣ ಎಚ್ಚರಿಸಿದೆ. ಬೆಂಗಳೂರಿನ ಬಾಡಿಗೆದಾರರೊಬ್ಬರ ಕಥೆ ಅದು: ತೆರವಿನ ಆದೇಶ ಹೈಕೋರ್ಟಿನವರೆಗೂ ಖಾಯಂ ಆದ ಮೇಲೆ ಹೊಸ ಹೊಸ ದಾವೆ ಹೂಡಿ ಕಾಲ ತಳ್ಳಲಾಗುತ್ತಿತ್ತು.

ಹೂಡಿದ ಮೇಲೆ: ನಿಜವಾದ ಅಪಾಯ ಇಲ್ಲಿದೆ

ಸಲ್ಲಿಸಿದ ಕೂಡಲೇ ಕಚೇರಿ ಪರಿಶೀಲಿಸಿ ಆಕ್ಷೇಪಣೆಗಳ ಪಟ್ಟಿ ಹಾಕುತ್ತದೆ. ಹೈಕೋರ್ಟಿನಲ್ಲಿ ಈ ಪಟ್ಟಿ ಉದ್ದ: ಕನ್ನಡ ದಾಖಲೆಗೆ ಇಂಗ್ಲಿಷ್ ಅನುವಾದವಿಲ್ಲ, ಪುಟ ಸಂಖ್ಯೆ ತಪ್ಪು, ಪ್ರತಿ ಓದಲಾಗದಷ್ಟು ಮಸುಕು, ಕೆಳಗಿನ ಕೋರ್ಟಿನ ಕಾಗದದಲ್ಲಿ ಇರುವ ಹೆಸರಿಗೂ ಇಲ್ಲಿನ ಹೆಸರಿಗೂ ತಾಳೆ ಇಲ್ಲ. ಒಂದೊಂದೂ ಅರ್ಧ ಗಂಟೆಯ ಕೆಲಸ. ಆದರೆ ಹಾಗೇ ಬಿಟ್ಟರೆ ಪೀಠದ ಮುಂದೆ ಹೋಗುತ್ತದೆ, ಪೀಠ ಷರತ್ತಿನ ಆದೇಶ ಮಾಡುತ್ತದೆ: ಇಷ್ಟು ದಿನದೊಳಗೆ ಸರಿಪಡಿಸದಿದ್ದರೆ ಮತ್ತೆ ಪೀಠದ ಮುಂದೆ ತರದೆಯೇ ಅರ್ಜಿ ವಜಾ ಆದಂತೆ. ಈ ಆದೇಶ ಅಪಾಯಕಾರಿಯಾಗುವುದು ಅದರ ಮೌನದಿಂದ. ಮುಂದಿನ ತಾರೀಖೇ ಇರುವುದಿಲ್ಲ. ಗಡುವಿನ ಮರುದಿನ ಕೇಸು ಸದ್ದಿಲ್ಲದೆ ಸತ್ತಿರುತ್ತದೆ. ‘ತಾರೀಖು ಬಂದಿಲ್ಲ’ ಎಂದು ನೆಮ್ಮದಿಯಾಗಿ ಕೂತವರು ಒಂದು ವರ್ಷದ ನಂತರ ತಿಳಿದು ಬೆಚ್ಚುತ್ತಾರೆ.

ವಿಚಾರಣಾ ನ್ಯಾಯಾಲಯದಲ್ಲಿ ಇದಕ್ಕೆ ಸಮನಾದ ಗುಂಡಿ ಸಮನ್ಸಿನದು. ಪ್ರೋಸೆಸ್ ಫೀ (ಸಮನ್ಸ್, ನೋಟಿಸ್ ತಲುಪಿಸಲು ಕೋರ್ಟಿಗೆ ಕಟ್ಟುವ ಶುಲ್ಕ) ಕಟ್ಟದೆ, ವಾದಪತ್ರದ ಪ್ರತಿ ಕೊಡದೆ ಸಮನ್ಸ್ ಜಾರಿಯಾಗದಿದ್ದರೆ ಆರ್ಡರ್ 9 ರೂಲ್ 2ರಡಿ ದಾವೆ ವಜಾ ಆಗಬಹುದು. ಕಟ್ಟಿದರೂ ಪ್ರತಿವಾದಿ ಸಿಗದೆ ಸಮನ್ಸ್ ವಾಪಸಾದರೆ, ಹೊಸ ಸಮನ್ಸಿಗೆ ಅರ್ಜಿ ಹಾಕಲು ರೂಲ್ 5 ಕೊಡುವುದು ಏಳೇ ದಿನ. ಹಿಂದೆ ಇದು ಒಂದು ತಿಂಗಳಿತ್ತು, ಹಳೆಯ ಅಭ್ಯಾಸದವರು ಇನ್ನೂ ಆ ಲೆಕ್ಕದಲ್ಲೇ ಇದ್ದಾರೆ. ಆದ್ದರಿಂದ ದಾವೆ ಹೂಡುವಾಗಲೇ ಪ್ರತಿವಾದಿಯ ಎರಡನೇ ವಿಳಾಸವನ್ನೂ ಹುಡುಕಿ ಇಟ್ಟುಕೊಳ್ಳಿ.

ಕಕ್ಷಿದಾರರಾಗಿ ನೀವು ಮಾಡಬಹುದಾದ ಅತಿ ಉಪಯುಕ್ತ ಕೆಲಸ ಬಹಳ ಸರಳ. ಪ್ರತಿ ಪ್ರಕರಣಕ್ಕೂ ಸಿಎನ್‌ಆರ್ ಎಂಬ 16 ಅಕ್ಷರ ಅಂಕಿಗಳ ಗುರುತು ಇರುತ್ತದೆ. ಅದನ್ನು ವಕೀಲರಿಂದ ಕೇಳಿ ಪಡೆಯಿರಿ. ಇ-ಕೋರ್ಟ್ಸ್ ಜಾಲತಾಣದಲ್ಲಿ ಅಥವಾ ಮೊಬೈಲ್ ಆ್ಯಪಿನಲ್ಲಿ ಅದನ್ನು ಹಾಕಿದರೆ ಹಿಂದಿನ ತಾರೀಖಿನಂದು ಏನಾಯಿತು, ಮುಂದಿನದು ಎಂದು, ಯಾವ ಹಂತಕ್ಕೆ ಎಂಬುದೆಲ್ಲ ಕಾಣುತ್ತದೆ. ಪ್ರತಿ ತಾರೀಖಿನ ಮರುದಿನ ಎರಡು ನಿಮಿಷ ನೋಡಿ. ‘ಕೊನೆಯ ಅವಕಾಶ’ ಅಥವಾ ‘ಕ್ರಮ ಕೈಗೊಂಡಿಲ್ಲ’ ಎಂಬ ಅರ್ಥದ ಟಿಪ್ಪಣಿ ಕಂಡರೆ ಅಂದೇ ವಕೀಲರನ್ನು ಕಾಣಿ. ವಕೀಲರ ಮೇಲೆ ಅಪನಂಬಿಕೆಯಿಂದ ಹೇಳುತ್ತಿಲ್ಲ. ಅವರ ಮೇಜಿನ ಮೇಲೆ ನೂರಾರು ಫೈಲುಗಳಿವೆ, ನಿಮ್ಮ ಬಳಿ ಒಂದೇ ಇದೆ.

ಸಾವಿನ ವಿಷಯ. ಎದುರಾಳಿ ತೀರಿಕೊಂಡ ಸುದ್ದಿ ಕಿವಿಗೆ ಬಿದ್ದರೆ, ಹಳ್ಳಿಯ ತಿಥಿಯೂಟದಲ್ಲಿ ಕೇಳಿದ್ದೇ ಆಗಲಿ, ತಕ್ಷಣ ವಕೀಲರಿಗೆ ತಿಳಿಸಿ. ಸತ್ತ ದಿನದಿಂದ 90 ದಿನದೊಳಗೆ ವಾರಸುದಾರರನ್ನು ತರಬೇಕು. ಮೀರಿದರೆ ಅಬೇಟ್ ಆದದ್ದನ್ನು ರದ್ದುಪಡಿಸಲು ಇನ್ನೂ 60 ದಿನ. ಅದೂ ದಾಟಿದರೆ ವಿಳಂಬ ಮನ್ನಾದ ಅರ್ಜಿಯೂ ಸೇರಿ ಮೂರು ಅರ್ಜಿ ಹಾಕಬೇಕಾಗುತ್ತದೆ.

ಬಿದ್ದ ಮೇಲೆ

ಮೊದಲ ದಿನವೇ ಆದೇಶದ ದೃಢೀಕೃತ ಪ್ರತಿಗೆ ಅರ್ಜಿ ಹಾಕಿ. ಮೇಲ್ಮನವಿಯಾದರೆ ಪ್ರತಿ ಪಡೆಯಲು ಬೇಕಾದ ಕಾಲವನ್ನು ಅವಧಿಯಿಂದ ಕಳೆಯಲಾಗುತ್ತದೆ, ಆದರೆ ಅರ್ಜಿ ಹಾಕಿದ್ದರೆ ಮಾತ್ರ. ಆಮೇಲೆ ಆದೇಶದಲ್ಲಿ ಯಾವ ರೂಲ್ ಬರೆದಿದೆ, ಅಂದು ಎದುರಿನವರು ಹಾಜರಿದ್ದರೇ ಎಂದು ನೋಡಿ.

ಇಬ್ಬರೂ ಬಾರದೆ ಆರ್ಡರ್ 9ರ ರೂಲ್ 3ರಡಿ ವಜಾ ಆಗಿದ್ದರೆ, ಅಥವಾ ರೂಲ್ 2ರಡಿ ಆಗಿದ್ದರೆ, ರೂಲ್ 4ರಂತೆ ಎರಡು ದಾರಿ: ವಜಾ ರದ್ದುಪಡಿಸಲು ಕೇಳುವುದು, ಅಥವಾ ಕಾಲ ಉಳಿದಿದ್ದರೆ ಹೊಸ ದಾವೆ. ಪ್ರತಿವಾದಿ ಬಂದು ನೀವು ಮಾತ್ರ ಬಾರದೆ ರೂಲ್ 8ರಡಿ ವಜಾ ಆಗಿದ್ದರೆ ಅದೇ ಕಾರಣಕ್ಕೆ ಹೊಸ ದಾವೆಯ ಬಾಗಿಲು ಮುಚ್ಚಿತು. ಉಳಿದಿರುವುದು ರೂಲ್ 9ರ ಅರ್ಜಿ ಒಂದೇ. ಅದನ್ನು ತಿರಸ್ಕರಿಸಿದರೆ ಆರ್ಡರ್ 43ರಡಿ ಮೇಲ್ಮನವಿ ಇದೆ. ಹೀಗೆ ಒಂದೇ ಅಂಕಿಯ ವ್ಯತ್ಯಾಸದಲ್ಲಿ ಇಡೀ ದಾವೆಯ ಭವಿಷ್ಯ ಬದಲಾಗುತ್ತದೆ.

ಗೈರುಹಾಜರಿಯ ವಜಾವನ್ನು ರದ್ದುಪಡಿಸಲು ಕೇಳಲು ಕಾಲಮಿತಿ ವಜಾ ಆದ ದಿನದಿಂದ 30 ದಿನ. ನಿಮಗೆ ತಿಳಿದ ದಿನದಿಂದ ಅಲ್ಲ. ಮೀರಿದ್ದರೆ ಐದನೇ ಕಲಮಿನ ಅರ್ಜಿ ಜೊತೆಗೆ ಬೇಕು. ಇಲ್ಲಿ ಅದು ನಡೆಯುತ್ತದೆ. ಎದುರಾಳಿಗೆ ನೋಟಿಸ್ ಹೋಗದೆ ರೂಲ್ 9ರಡಿ ಆದೇಶ ಆಗದು, ಆದ್ದರಿಂದ ಅವರ ಪ್ರೋಸೆಸ್ ಫೀಯನ್ನೂ ಅಂದೇ ಕಟ್ಟಿ. ಮರಳಿ ತರಲು ಹಾಕಿದ ಅರ್ಜಿಯೇ ಶುಲ್ಕ ಕಟ್ಟದೆ ವಜಾ ಆದದ್ದನ್ನು ಕಂಡಿದ್ದೇನೆ.

ಈ ಅರ್ಜಿಯ ಜೀವ ಇರುವುದು ಪ್ರಮಾಣಪತ್ರದಲ್ಲಿ. ಬಹುತೇಕ ಪ್ರಮಾಣಪತ್ರಗಳು ಹೀಗಿರುತ್ತವೆ: ‘ಅಂದು ನನಗೆ ಅನಾರೋಗ್ಯವಿದ್ದ ಕಾರಣ ಹಾಜರಾಗಲು ಸಾಧ್ಯವಾಗಲಿಲ್ಲ. ಗೈರುಹಾಜರಿ ಉದ್ದೇಶಪೂರ್ವಕವಲ್ಲ. ವಜಾ ರದ್ದಾಗದಿದ್ದರೆ ನನಗೆ ತುಂಬಲಾರದ ನಷ್ಟವಾಗುತ್ತದೆ.’ ಇದು ಯಾರ ಕೇಸಿಗೂ ಹೊಂದುತ್ತದೆ, ಆದ್ದರಿಂದ ಯಾರ ಕೇಸನ್ನೂ ಉಳಿಸುವುದಿಲ್ಲ. ಬದಲಿಗೆ ಹೀಗೆ ಬರೆಯಿರಿ: ‘ಜೂನ್ 3ರ ರಾತ್ರಿ ಜ್ವರದಿಂದ ತಾಲ್ಲೂಕು ಆಸ್ಪತ್ರೆಗೆ ದಾಖಲಾದೆ, 9ರಂದು ಬಿಡುಗಡೆಯಾದೆ, ದಾಖಲೆ ಲಗತ್ತಿಸಿದ್ದೇನೆ. ವಿಚಾರಣೆ ಇದ್ದದ್ದು 5ರಂದು. 20ರಂದು ವಕೀಲರ ಕಚೇರಿಗೆ ಹೋದಾಗ ವಜಾ ಆದದ್ದು ತಿಳಿಯಿತು. 21ರಂದು ಪ್ರತಿಗೆ ಅರ್ಜಿ ಹಾಕಿದೆ, 27ರಂದು ಸಿಕ್ಕಿತು, ಇಂದು 29ರಂದು ಈ ಅರ್ಜಿ.’ ಇದರಲ್ಲಿ ಅಲಂಕಾರವಿಲ್ಲ, ದಿನಗಳಿವೆ. ಹಿಂದಿನ ತಾರೀಖುಗಳಲ್ಲಿ ನೀವು ತಪ್ಪದೆ ಹಾಜರಿದ್ದುದನ್ನೂ ಒಂದು ಸಾಲಿನಲ್ಲಿ ಸೇರಿಸಿ. ಆದೇಶ ಹಾಳೆಯೇ ಅದಕ್ಕೆ ಸಾಕ್ಷಿ.

ವಿಳಂಬದ ಬಗ್ಗೆ ಉದಾರವಾಗಿರಬೇಕು, ಪ್ರತಿದಿನದ ವಿವರಣೆ ಎಂಬುದನ್ನು ಹಟಕ್ಕೆ ಬಿದ್ದು ಕೇಳಬಾರದು ಎಂದು ಸುಪ್ರೀಂ ಕೋರ್ಟಿನ 1987ರ ಕಾತಿಜಿ ತೀರ್ಪು ಹೇಳಿತು. ಪ್ರತಿ ಅರ್ಜಿಯಲ್ಲೂ ಅದನ್ನು ಉಲ್ಲೇಖಿಸುತ್ತಾರೆ. 2012ರ ಲಿವಿಂಗ್ ಮೀಡಿಯಾ ತೀರ್ಪಿನಲ್ಲಿ ಅದೇ ನ್ಯಾಯಾಲಯ, ಫೈಲು ಮೇಜಿನಿಂದ ಮೇಜಿಗೆ ಹೋಗುತ್ತಿತ್ತು ಎಂಬ ಸರ್ಕಾರದ ವಿವರಣೆಯನ್ನು ಒಪ್ಪಲಿಲ್ಲ ಎಂಬುದನ್ನೂ ನೆನಪಿಡಿ. ವಕೀಲರ ತಪ್ಪಿಗೆ ಅಮಾಯಕ ಕಕ್ಷಿದಾರ ಬಲಿಯಾಗಬಾರದು ಎಂದು 1981ರ ರಫೀಕ್ ಪ್ರಕರಣದಲ್ಲಿ ಬಂತು. ಆದರೆ ವರ್ಷಗಟ್ಟಲೆ ತಾನೂ ವಿಚಾರಿಸದೆ ಇದ್ದವರಿಗೆ ಆ ತೀರ್ಪು ಗುರಾಣಿಯಾಗದು. ವಕೀಲರ ಮೇಲೆ ಹೊರಿಸುವುದಾದರೆ, ಯಾವ ದಿನ ಕೇಳಿದಿರಿ, ಏನು ಉತ್ತರ ಬಂತು ಎಂದು ಬರೆಯುವಷ್ಟು ಆಧಾರ ಇರಲಿ.

ತಿದ್ದುಪಡಿಗೆ ಅವಕಾಶವೇ ಇಲ್ಲದ ಜಾಗ

ಚುನಾವಣಾ ತಕರಾರು ಅರ್ಜಿಯನ್ನು ಸಾಮಾನ್ಯ ದಾವೆಯಂತೆ ಕಾಣಬೇಡಿ. 1951ರ ಪ್ರಜಾಪ್ರತಿನಿಧಿ ಕಾಯ್ದೆಯಂತೆ ಫಲಿತಾಂಶದ ದಿನದಿಂದ 45 ದಿನದೊಳಗೆ ಹೈಕೋರ್ಟಿಗೆ ಸಲ್ಲಿಸಬೇಕು, ಸೇರಿಸಬೇಕಾದ ಅಭ್ಯರ್ಥಿಗಳನ್ನು ಸೇರಿಸಬೇಕು, ಎರಡು ಸಾವಿರ ರೂಪಾಯಿ ಭದ್ರತಾ ಠೇವಣಿ ಇಡಬೇಕು. ಮೂರರಲ್ಲಿ ಒಂದು ತಪ್ಪಿದರೂ 86ನೇ ಕಲಮು ವಜಾ ಮಾಡಲೇಬೇಕು ಎನ್ನುತ್ತದೆ. ಕಾಲಮಿತಿ ಕಾಯ್ದೆಯ ಐದನೇ ಕಲಮಿನ ಮನ್ನಾ ಇಲ್ಲಿ ಇಲ್ಲವೆಂದು 1974ರಲ್ಲೇ ತೀರ್ಮಾನವಾಗಿದೆ. ಆದರೆ ಭ್ರಷ್ಟಾಚರಣೆ ಆರೋಪದ ಜೊತೆಗಿನ ಪ್ರಮಾಣಪತ್ರದ ನಮೂನೆಯಲ್ಲಿ ದೋಷವಿದ್ದರೆ ಅದು ತಿದ್ದಬಹುದಾದದ್ದು. ನಮ್ಮ ರಾಜ್ಯದಿಂದಲೇ ಹೋದ ಸಿದ್ದೇಶ್ವರ ಪ್ರಕರಣದಲ್ಲಿ 2013ರಲ್ಲಿ ಸುಪ್ರೀಂ ಕೋರ್ಟ್ ಹಾಗೆಂದಿತು. ಯಾವ ಲೋಪಕ್ಕೆ ವಜಾ ಎಂದು ಕಾಯ್ದೆಯೇ ಬರೆದಿದೆ, ಯಾವುದಕ್ಕೆ ಬರೆದಿಲ್ಲ ಎಂದು ನೋಡುವ ಈ ಕ್ರಮ ಬೇರೆ ವಿಶೇಷ ಕಾಯ್ದೆಗಳಿಗೂ ಉಪಯೋಗಕ್ಕೆ ಬರುತ್ತದೆ.

ಮರಳಿ ಬಂದ ದಾವೆಯಲ್ಲಿ

ವಜಾ ರದ್ದಾಯಿತು ಎಂದು ಸಿಹಿ ಹಂಚುವ ಮುನ್ನ ಆದೇಶದ ಕೊನೆಯ ಸಾಲು ಓದಿ. ಸಾಮಾನ್ಯವಾಗಿ ಅಲ್ಲಿ ಎದುರಾಳಿಗೆ ಕೊಡಬೇಕಾದ ಖರ್ಚು ಇರುತ್ತದೆ, ಅದಕ್ಕೊಂದು ದಿನ ಇರುತ್ತದೆ. ಖರ್ಚು ಕಟ್ಟುವುದನ್ನೇ ಷರತ್ತಾಗಿ ಮಾಡಿದ್ದರೆ, ಕಟ್ಟದಿದ್ದಾಗ ಮತ್ತೆ ಹಳೆಯ ಜಾಗಕ್ಕೇ ಬರುತ್ತೀರಿ. ಎರಡನೇ ಸಲ ಕೇಳುವಾಗ ದನಿ ಸಣ್ಣದಾಗಿರುತ್ತದೆ. ಕಟ್ಟಿ, ರಸೀದಿ ಅಥವಾ ಎದುರು ವಕೀಲರ ಸಹಿ ಪಡೆದು, ಅದನ್ನು ಜ್ಞಾಪನದೊಂದಿಗೆ (ಮೆಮೊ) ದಾಖಲೆಗೆ ಸೇರಿಸಿ. ವಜಾ ಆಗುವ ಮೊದಲು ತಡೆಯಾಜ್ಞೆ ಇದ್ದಿದ್ದರೆ ಅದು ಮತ್ತೆ ಜಾರಿಯಲ್ಲಿದೆ ಎಂದು ಆದೇಶದಲ್ಲಿ ಸ್ಪಷ್ಟವಾಗಿ ಬರೆಸಿಕೊಳ್ಳಿ. ಅದನ್ನು ಬರೆಸದೆ ಬಂದರೆ, ನೀವು ಮನೆ ತಲುಪುವ ಹೊತ್ತಿಗೆ ಎದುರಿನವರು ಜಮೀನಿಗೆ ಬೇಲಿ ಹಾಕಿರಬಹುದು.